ಮಂಡಿಯೂರಿದ ಯಜಮಾನ

ಬಟ್ಟೆ ವ್ಯಾಪಾರಿಯಾದ ನನ್ನ ಕಣ್ಣಲ್ಲಿ ಅಳೆದರೆ, ಡಬ್ಲಿನ್ನಿನ ನಟಿ ಹೊನೋರಾ ಕ್ವಿನ್ ಅಳತೆಗೆ ಗಿಡ್ಡ, ಆದರೆ ಬಣ್ಣ ಬಿಡದ ಸರಕು. ನಾಟಕಶಾಲೆಯ ಯಜಮಾನ ಡೆಲಹಂಟ್ ಒಂದು ವರ್ಷ ಅವಳ ರಾಣಿ ಪಾತ್ರಗಳನ್ನೆಲ್ಲ ತನ್ನ ಹೆಂಡತಿಗೆ ಕೊಟ್ಟು, ಹೊನೋರಾಳಿಗೆ ದಾಸಿಯ ವೇಷ ಹಾಕಿಸಿದ. ಆದರೆ ವರ್ಷಕ್ಕೊಮ್ಮೆ ನಟಿಯ ಸಹಾಯಾರ್ಥ ನಡೆಯುವ ಆಟದಲ್ಲಿ ನಾಟಕವನ್ನೂ ಪಾತ್ರಗಳನ್ನೂ ಅವಳೇ ಆರಿಸುವುದು ವಾಡಿಕೆ. ಹೊನೋರಾ ತಾನು ರಾಣಿಯಾದಳು. ಯಜಮಾನನನ್ನು ಕ್ಷಮೆ ಬೇಡುವ ಸೇನಾಪತಿ ಮಾಡಿದಳು. ರಾಣಿ "ಏಳು" ಎನ್ನುವ ತನಕ ಅವನು ಮಂಡಿಯೂರಿರಬೇಕು. ಅವಳು ಅನ್ನಲೇ ಇಲ್ಲ, ಬೀಸಣಿಗೆ ಬೀಸುತ್ತ ನಿಂತಳು.

"ಬೇಗ ಹೇಳೇ ಮಾರಾಯ್ತಿ, ಮಂಡಿ ಹೋಯ್ತು!" ಎಂದು ಅವನು ಪಿಸುಗುಟ್ಟಿದ.

"ದಾಸಿಗೆ ರಾಣಿ ಮಾತು ಮರೆತೋಗಿದೆ, ಧಣಿ. ನಿಮ್ಮ ಹೆಂಡ್ತೀನೇ ಕೇಳಿ," ಎಂದು ಅವಳು ಎಲ್ಲರಿಗೂ ಕೇಳುವಂತೆ ಹೇಳಿದಳು.

ಜನ ಬಿದ್ದು ಬಿದ್ದು ನಕ್ಕರು. ಮರುದಿನ ಅವನು ಅವಳನ್ನು ಹೊರಹಾಕಿದ. ಅವಳು ಕಾರ್ಕ್ ಊರಿಗೆ ಹೋಗಿ ಮತ್ತೆ ರಾಣಿಯಾದಳು. ನನ್ನ ರೇಷ್ಮೆಯನ್ನು ಗೋಣಿತಟ್ಟು ಎಂದು ಊರೆಲ್ಲ ಹೀಯಾಳಿಸಿದವನೂ ಅದೇ ಡೆಲಹಂಟ್. ನನ್ನಿಂದಾಗದ ಸೇಡನ್ನು ಅವಳು ತೀರಿಸಿದಳು. ಅದಕ್ಕೆ ನಾನು ಅವಳಿಗೆ ಋಣಿ.