ಫ್ರಿಜ್ಜಿನೊಳಗಿನ ಸ್ಕೂಟರ್ ಕೀ

ಕ್ಯಾಮೆರಾ ಹಿಡಿಯುವವರು ಬೇರೆ, ನಿರ್ದೇಶಿಸುವವರು ಬೇರೆ ಎಂಬ ರೂಢಿಯನ್ನು ಮುರಿದು, ಯಾವ ನಿರ್ಮಾಪಕರ ಹಂಗಿಗೂ ಬೀಳದೆ, ಬಾಡಿಗೆ ಮನೆಗಳ ಕಿಟಕಿಯ ಬೆಳಕನ್ನೇ ನಂಬಿ ಚಿತ್ರ ಮಾಡಿದವರು ನಮ್ಮ ಕ್ಯಾಮೆರಾ ಅಕ್ಕ. ಭುಜದ ನೋವಿನಿಂದಾಗಿ ಅವರು ಈ ವರ್ಷ ಕ್ಯಾಮೆರಾ ಕೆಳಗಿಡುತ್ತಿದ್ದಾರೆ, ನಿರ್ದೇಶನ ಮುಂದುವರಿಯುತ್ತದೆ.

ಇಡೀ ತಂಡಕ್ಕೆ ಅವರು ಅಕ್ಕ. ಇದನ್ನು ಸಹಿಸದವರು ಒಬ್ಬರೇ, ಅವರ ಒಡಹುಟ್ಟಿದ ತಂಗಿ. ಮೊದಲ ಚಿತ್ರದಿಂದಲೂ ಶಬ್ದಗ್ರಹಣ ಈ ತಂಗಿಯದೇ. ಬೇರೆಯವರು ಬಾಯ್ತುಂಬ 'ಅಕ್ಕಾ' ಎಂದಾಗಲೆಲ್ಲ, ತನ್ನ ತಟ್ಟೆಗೆ ಯಾರೋ ಕೈಹಾಕಿದಂತೆ ಅವರಿಗೆ ಹೊಟ್ಟೆ ಉರಿಯುತ್ತಿತ್ತು. ವಿಮರ್ಶಕರೂ ಹಾಗೆಯೇ: ದೃಶ್ಯಗಳನ್ನು ಕೊಂಡಾಡಿದರು, ಕಿವಿಯನ್ನು ಮನೆಯಲ್ಲೇ ಬಿಟ್ಟು ಬಂದವರಂತೆ. ಒಮ್ಮೆಯಾದರೂ ತನ್ನ ಕೆಲಸ ಯಾರಿಗಾದರೂ ಕೇಳಿಸಬೇಕೆಂಬುದೊಂದೇ ತಂಗಿಯ ಆಸೆ.

ಆರಂಭದ ದಿನಗಳಲ್ಲೊಮ್ಮೆ, ಶೂಟಿಂಗ್ ಮನೆಯ ಫ್ರಿಜ್ಜು ಗುಂಯ್‌ಗುಡುತ್ತದೆಂದು ತಂಗಿ ಅದನ್ನು ಆರಿಸಿ, ಮತ್ತೆ ಹಾಕಲು ಮರೆತು ಬಂದರು. ಹಾಲು, ತರಕಾರಿ ಕೆಟ್ಟು ಮನೆಯೊಡತಿ ಕೂಗಾಡಿದಾಗ ಅಕ್ಕ ಮುಂದೆ ನಿಂತು, "ಮರೆತಿದ್ದು ನಾನು" ಎಂದರು. ಅಂದಿನಿಂದ ಫ್ರಿಜ್ಜು ಆರಿಸಿದ ಕೂಡಲೇ ತಮ್ಮ ಸ್ಕೂಟರ್ ಕೀಯನ್ನು ಅದರೊಳಗಿಡುವುದು ಅಕ್ಕನ ಪದ್ಧತಿ. ಕೀ ಇಲ್ಲದೆ ಮನೆಗೆ ಹೋಗುವಂತಿಲ್ಲ, ಕೀ ತೆಗೆಯುವಾಗ ಫ್ರಿಜ್ಜು ನೆನಪಾಗದೆ ಇರುವಂತಿಲ್ಲ. ಈ ಉಪಕಾರಕ್ಕೂ ತಂಗಿ ಕರುಬಿದರು. ಒಳ್ಳೆಯತನದಲ್ಲೂ ಅಕ್ಕನದೇ ಮೇಲುಗೈ.

ಈಚಿನ ಚಿತ್ರದಲ್ಲಿ, ತಾಯಿ ತೀರಿಕೊಳ್ಳುವ ಸನ್ನಿವೇಶಕ್ಕೆ ಅಕ್ಕ ಲೆನ್ಸಿಗೆ ಮುಚ್ಚಳ ಹಾಕಿಬಿಟ್ಟರು.

"ಇಲ್ಲಿ ತೋರಿಸೋಕೆ ನನ್ನ ಹತ್ರ ಏನೂ ಇಲ್ಲ ಕಣೇ. ಇದು ನಿಂದು."

ಕಪ್ಪು ಪರದೆ. ಉಸಿರು, ಲೋಟಕ್ಕೆ ತಾಗಿದ ಚಮಚ, ನಲ್ಲಿಯ ಹನಿ, ಆಮೇಲೆ ನಲ್ಲಿಯ ಹನಿ ಮಾತ್ರ. ಇಷ್ಟು ವರ್ಷ ಕಾದದ್ದು ಕೈಗೆ ಬಂತೆಂದು ತಂಗಿ ನಂಬಿದರು. ಮೊದಲ ಪ್ರದರ್ಶನದ ಮರುದಿನ ಪತ್ರಿಕೆಯೊಂದು ಬರೆಯಿತು: 'ಕತ್ತಲನ್ನೂ ಇಷ್ಟು ಸೊಗಸಾಗಿ ಸೆರೆಹಿಡಿಯಬಲ್ಲ ಛಾಯಾಗ್ರಾಹಕಿ ಮತ್ತೊಬ್ಬರಿಲ್ಲ.'

ಸಂಕಲನದ ಕೋಣೆಯಲ್ಲಿ ತಂಗಿ ಪತ್ರಿಕೆಯನ್ನು ಅಕ್ಕನ ಮುಂದೆ ಹಾಕಿದರು. "ಮುಚ್ಚಳ ಹಾಕಿದ್ದಕ್ಕೂ ನಿನಗೇ ಹೊಗಳಿಕೆ. ಮುಂದಿನ ಚಿತ್ರಕ್ಕೆ ಬೇರೆ ಯಾರನ್ನಾದ್ರೂ ನೋಡ್ಕೋ."

"ನೀನು ಹೀಗಂತೀಯ ಅಂತಾನೇ ಒಬ್ಬಳನ್ನ ನೋಡಿಟ್ಟಿದ್ದೀನಿ. ಒಳ್ಳೆ ಕಿವಿ ಅವಳಿಗೆ."

ತಂಗಿ ಪತ್ರಿಕೆಯನ್ನು ಎತ್ತಿ ಮಡಚಿದರು. "ನಿನ್ನನ್ನ ಏನಂತ ಕರೀತಾಳೆ?"

"ಇನ್ನೇನಂತಾಳೆ, ಅಕ್ಕ ಅಂತ."

"ಹಾಗಾದ್ರೆ ಅವಳು ಬೇಡ. ನಾನೇ ಬರ್ತೀನಿ."

ಅಕ್ಕ ಇನ್ನೂ ಬಹುಕಾಲ ಆರೋಗ್ಯದಿಂದಿದ್ದು ಚಿತ್ರಗಳನ್ನು ಮಾಡುತ್ತಿರಲಿ, ಮನೆಮನೆಯ ಫ್ರಿಜ್ಜುಗಳಲ್ಲಿ ಅವರ ಕೀಗೆ ಜಾಗವಿರಲಿ. ನಾವು ಅವರನ್ನು ಅಕ್ಕ ಎಂದು ಕರೆಯುತ್ತಲೇ ಇರುತ್ತೇವೆ, ತುಸು ಮೆಲ್ಲಗೆ. ಆ ತಂಗಿಯ ಕಿವಿಗೆ ಅದೂ ಕೇಳಿಸುತ್ತದೆಂದು ಗೊತ್ತಿದ್ದೇ.