ಮೀನುಗಾರಿಕೆಯ ಕಪಾಟಿನಲ್ಲಿ ನನ್ನ ಹಡಗುಗಳು

ಹಾನಗಲ್ಲಿನಲ್ಲಿ ಕುಳಿತು ಪ್ರಾಚೀನ ಹಡಗುಗಳ ಬಗ್ಗೆ ಮೂರು ಪುಸ್ತಕ ಬರೆದವಳು ನಾನು. ಕಾಲೇಜಿನಲ್ಲಿ ಇತಿಹಾಸ ಕಲಿಸುತ್ತಿದ್ದೆ. ರಜೆ ಸಿಕ್ಕಾಗಲೆಲ್ಲ ಹಳೆಯ ಬಂದರುಗಳನ್ನು ಸುತ್ತಿ, ಕಡಲ ತಳದಿಂದ ಮೇಲೆತ್ತಿದ ಮಡಕೆ, ಕಲ್ಲುಗಳನ್ನು ನೋಡಿಬರುತ್ತಿದ್ದೆ. ಊರಲ್ಲಿ ಎಲ್ಲರದೂ ಒಂದೇ ಪ್ರಶ್ನೆ: "ಇಲ್ಲೆ ಸಮುದ್ರ ಎಲ್ಲೈತ್ರಿ?" ಉತ್ತರ ಹೇಳಿ ಹೇಳಿ ಸಾಕಾಗಿತ್ತು.

ಹಿರೇಕೆರೂರು ಕಡೆಯ ಒಂದು ಸಣ್ಣ ಗ್ರಂಥಾಲಯದಲ್ಲಿ ನನ್ನ ಪುಸ್ತಕಗಳನ್ನು ಮೀನುಗಾರಿಕೆಯ ಕಪಾಟಿನಲ್ಲಿ ಇಟ್ಟಿದ್ದರು. ಇತಿಹಾಸಕ್ಕೆ ಸೇರಿಸಿ ಎಂದು ಹೇಳಿಬಂದೆ. ತಿಂಗಳು ಬಿಟ್ಟು ಹೋದರೆ ಅಲ್ಲೇ ಇದ್ದವು, ಸಿಗಡಿ ಸಾಕಣೆಯ ಪಕ್ಕ.

"ಅಕ್ಕಾರ, ಹಡಗ ಅಂದ್ರೂ ನೀರ, ಮೀನ ಅಂದ್ರೂ ನೀರ," ಎಂದರು ಗ್ರಂಥಪಾಲಕರು. "ಅಲ್ಲಿದ್ದದ್ದಕ್ಕ ಒಬ್ರರ ಓದ್ಯಾರ. ಅಗೋ, ಅಲ್ಲೇ ಕುಂತಾರ ನೋಡ್ರಿ."

ಓದಿದವರು ಚಿಕ್ಕೇರೂರಿನವರು, ಕೆರೆಯಲ್ಲಿ ಮೀನು ಹಿಡಿಯುವವರು. ನಾನೇ ಬರೆದದ್ದೆಂದು ತಿಳಿದ ಕೂಡಲೇ ಎದ್ದು ಬಂದು, ಪುಸ್ತಕ ತೆರೆದು ಒಂದು ಚಿತ್ರದ ಮೇಲೆ ಬೆರಳಿಟ್ಟರು. ತೂತಿರುವ ಕಲ್ಲು. ಕೆಳಗೆ 'ಕಲ್ಲಿನ ಲಂಗರು' ಎಂದು ನಾನು ಬರೆದಿದ್ದೆ.

"ಇದು ಲಂಗರ ಅಲ್ರಿ. ಪಕ್ಕದಾಗ ಅಳತಿಪಟ್ಟಿ ಐತಿ ನೋಡ್ರಿ, ಗೇಣುದ್ದನೂ ಇಲ್ಲ. ಇಷ್ಟ ಕಲ್ಲಿಗೆ ನಮ್ಮ ತೆಪ್ಪಾನೂ ನಿಂದ್ರಂಗಿಲ್ಲ. ಮೀನ ಹಿಡಿಯೂ ಬಲಿಗೆ ಕಟ್ಟೂ ಗುಂಡ ಇದು."

"ಇದನ್ನ ತಜ್ಞರು ನೋಡ್ಯಾರ್ರಿ," ಎಂದೆ, ಸ್ವಲ್ಪ ಬಿರುಸಾಗಿಯೇ.

"ನೋಡಿರಬೇಕ್ರಿ. ಬಲಿ ಬೀಸಿರಂಗಿಲ್ಲ."

ಬಸ್ಸಿನಲ್ಲಿ ದಾರಿಯುದ್ದಕ್ಕೂ ಅವರ ಮೇಲೆ ಸಿಟ್ಟು. ಮನೆಗೆ ಬಂದು ಹಳೆಯ ಟಿಪ್ಪಣಿ ಪುಸ್ತಕ ಹುಡುಕಿದೆ. ಕಲ್ಲಿನ ತೂಕ ನನ್ನದೇ ಕೈಬರಹದಲ್ಲಿತ್ತು. ಅಡುಗೆಮನೆಯ ರುಬ್ಬುಗುಂಡಿಗಿಂತ ಕಡಿಮೆ. ಎತ್ತಿ ನೋಡಿದವಳೂ ನಾನೇ. ಆಮೇಲೆ ಸಿಟ್ಟು ಯಾರ ಮೇಲೆ ಮಾಡಿಕೊಳ್ಳುವುದೆಂದೇ ತಿಳಿಯಲಿಲ್ಲ.

ಎರಡನೆಯ ಮುದ್ರಣಕ್ಕೆ ತಿದ್ದುಪಡಿ ಕಳಿಸಿದೆ: 'ಇದು ಲಂಗರಲ್ಲ, ಬಲೆಗೆ ಕಟ್ಟುವ ಕಲ್ಲು.' ಅದನ್ನು ತಿಳಿಸಿದವರು ಚಿಕ್ಕೇರೂರಿನ ಮೀನುಗಾರರೆಂದೂ ಸೇರಿಸಿದೆ. ಕರಡು ಕಳಿಸಿ ಎಂದು ಪ್ರಕಾಶಕರಿಗೆ ನಾಲ್ಕು ಸಲ ಫೋನ್ ಮಾಡಿದೆ. ಕರಡು ಬರಲಿಲ್ಲ, ಪುಸ್ತಕವೇ ಬಂತು. ಅದರಲ್ಲಿ 'ಬೆಲೆ ಕಟ್ಟುವ ಕಲ್ಲು' ಎಂದಿತ್ತು.

ವಾರದೊಳಗೆ ಸವಣೂರಿನಿಂದ ಒಬ್ಬ ಶಿಕ್ಷಕರ ಫೋನ್. "ಈ ಬೆಲೆ ಕಟ್ಟೂ ಕಲ್ಲು ಯಾವ ರಾಜರ ಕಾಲದ್ದರಿ? ವ್ಯಾಪಾರದ ಮ್ಯಾಲೆ ಒಂದು ಲೇಖನ ಬರಿಯಾಕತ್ತೇನಿ."

ಬಲೆ, ಲಂಗರು, ಅಚ್ಚಿನ ತಪ್ಪು ಎಲ್ಲವನ್ನೂ ಬಿಡಿಸಿ ಹೇಳಿದೆ. ಅವರು ತಾಳ್ಮೆಯಿಂದ ಕೇಳಿಸಿಕೊಂಡರು.

"ಲಂಗರ ಅಂತನ ಬಿಟ್ಟಿದ್ರ ಚಲೋ ಇತ್ತಲ್ರಿ," ಎಂದರು.

ಫೋನಿಟ್ಟು ಪ್ರಕಾಶಕರಿಗೆ ಮತ್ತೊಂದು ಪತ್ರ ಬರೆಯಲು ಕುಳಿತೆ. ಈ ಸಲ 'ಬಲೆ' ಎಂಬುದನ್ನು ದಪ್ಪಕ್ಷರದಲ್ಲಿ ಬರೆದು, ಕೆಳಗೆ ಎರಡು ಗೆರೆ ಎಳೆದೆ.