ಟ್ರಾಲಿ ಲೈನಿಗೆ ನಾನು ನೇಮಿಸಿದ ಸೂಪರ್‌ವೈಸರ್

ಕುವೈತಿನಲ್ಲಿ ರೈಲೇ ಇಲ್ಲವೆಂದು ನನಗೆ ಗೊತ್ತಾದದ್ದು ಸುಳ್ಳು ಹೇಳಿದ ಮರುದಿನ.

ತೊಂಬತ್ತರ ದಶಕದ ಕೊನೆಯಲ್ಲಿ ನರ್ಸ್ ಕೆಲಸಕ್ಕೆಂದು ಬಂದಿಳಿದೆ. ವಿಮಾನ ನಿಲ್ದಾಣದ ಬಾಗಿಲು ತೆರೆದದ್ದೇ ತಡ, ಮುಖಕ್ಕೆ ಬಡಿದ ಬಿಸಿ ನಮ್ಮೂರ ಹೆಂಚಿನ ಕಾರ್ಖಾನೆಯ ಗೂಡಿನ ಬಿಸಿಯೇ. ಹಾಗೆಂದು ಬಾಯಿಬಿಟ್ಟು ಹೇಳಲಿಲ್ಲ. ಫರ್ವಾನಿಯಾದ ಫ್ಲಾಟಿನಲ್ಲಿ ಒಂದು ಕೋಣೆಗೆ ನಾಲ್ಕು ಮಂಚ. ಪಕ್ಕದ ಮಂಚದ ಲೀನಾ ಉಡುಪಿ ಕಡೆಯವಳು, ಹೆಡ್‌ಮಾಸ್ಟರರ ಮಗಳು. "ನಿನ್ನ ಪಪ್ಪ ಎಂತ ಮಾಡುದು?" ಎಂದು ಕೇಳಿದಳು. "ರೈಲ್ವೆಯಲ್ಲಿ" ಎಂದುಬಿಟ್ಟೆ. ಮರುದಿನ ಇಲ್ಲಿನ ಸ್ಟೇಷನ್ ಯಾವ ಕಡೆಗೆ ಎಂದು ನಾನು ವಿಚಾರಿಸಿದಾಗ ಅವಳು ಬಿದ್ದು ಬಿದ್ದು ನಕ್ಕಳು. "ಇಲ್ಲಿ ರೈಲೆಲ್ಲಿ ಮಾರಾಯ್ತಿ? ಈ ದೇಶದಲ್ಲೇ ಒಂದು ಹಳಿ ಇಲ್ಲ!" ನನಗೆ ಒಳಗೊಳಗೇ ನೆಮ್ಮದಿಯಾಯಿತು. ಹಳಿಯೇ ಇಲ್ಲದಲ್ಲಿ ನನ್ನ ರೈಲ್ವೆಯನ್ನು ಯಾರು ಕೆದಕುತ್ತಾರೆ?

ಪಪ್ಪ ನಡೆದದ್ದು ಹಳಿಯ ಮೇಲೆಯೇ, ಅಷ್ಟು ಮಾತ್ರ ನಿಜ. ನಮ್ಮ ಸಣ್ಣ ಪೇಟೆಯಲ್ಲಿ ದೋಣಿಗಳು ಬಂದು ನಿಲ್ಲುವ ಹೊಳೆಯ ಧಕ್ಕೆಯಿಂದ ಹೆಂಚಿನ ಕಾರ್ಖಾನೆಯವರೆಗೆ ಕಿರಿದಾದ ಹಳಿ ಹಾಸಿದ್ದರು. ದೋಣಿಯಲ್ಲಿ ಬಂದ ಜೇಡಿಮಣ್ಣನ್ನು ಕಬ್ಬಿಣದ ಟ್ರಾಲಿಗೆ ತುಂಬಿ, ಏರು ದಾರಿಯಲ್ಲಿ ತಳ್ಳಿಕೊಂಡು ಹೋಗುವುದು ಪಪ್ಪನ ಕೆಲಸ. ಮೈಯೆಲ್ಲ ಕೆಸರು. ಶಾಲೆಯಿಂದ ಬರುವಾಗ ಟ್ರಾಲಿ ಎದುರಾದರೆ ನಾನು ಗೆಳತಿಯರ ಮರೆಗೆ ಸರಿಯುತ್ತಿದ್ದೆ. ಪಪ್ಪನೂ ನನ್ನನ್ನು ಕಾಣದವರ ಹಾಗೆ ತಲೆ ತಗ್ಗಿಸಿ ತಳ್ಳುತ್ತಿದ್ದರು.

ಇಲ್ಲಿ ತಳ್ಳುವ ಕೆಲಸ ನನಗೇ ಬಂತು. ಆಸ್ಪತ್ರೆಯ ಉದ್ದನೆಯ ಓಣಿಯಲ್ಲಿ ರೋಗಿಯನ್ನು ಮಲಗಿಸಿದ ಟ್ರಾಲಿ ತಿರುಗಿಸುವಾಗ ಮುದುಕಿಯರು ಕಂಬಿ ಹಿಡಿದು "ಶ್ವೈ ಶ್ವೈ" ಅನ್ನುತ್ತಿದ್ದರು. ಮೆಲ್ಲಗೆ ಎಂದರ್ಥ. ನಾನು ಕಲಿತ ಮೊದಲ ಅರಬ್ಬಿ ಮಾತು ಅದು. ನಮ್ಮೂರ ತಿರುವಿನಲ್ಲಿ ಟ್ರಾಲಿಯವರು "ಮೆಲ್ಲ, ಮೆಲ್ಲ" ಎಂದು ಕೂಗುತ್ತಿದ್ದದ್ದು ನೆನಪಾಗುತ್ತಿತ್ತು. ಇಕಾಮಾ, ಅಂದರೆ ವಾಸದ ಪರವಾನಗಿ, ಕೈಗೆ ಬರುವ ಹೊತ್ತಿಗೆ ಕುಚ್ಚಲಕ್ಕಿಯ ಬದಲು ಖುಬ್ಬೂಸ್ ರೊಟ್ಟಿಯಲ್ಲೇ ಮೀನಿನ ಸಾರು ಉಣ್ಣಲು ಕಲಿತಿದ್ದೆ. ಒಮ್ಮೆ ಕಿರುಗುಟ್ಟುವ ಚಕ್ರವೊಂದಕ್ಕೆ ತೆಂಗಿನೆಣ್ಣೆ ಬಿಟ್ಟು, ಅಚ್ಚನ್ನು ಹಿಂದೆ ಮುಂದೆ ಆಡಿಸಿ ಸರಿಮಾಡಿದೆ. ಈಜಿಪ್ಟಿನ ಹೆಡ್ ನರ್ಸ್ ಬೆನ್ನು ತಟ್ಟಿ, ಯಾರು ಕಲಿಸಿದರೆಂದು ಕೇಳಿದಳು. ಯಾರೂ ಇಲ್ಲವೆಂದೆ.

ಹೀಗೇ ಏಳೆಂಟು ವರ್ಷ ಕಳೆದವು. ಕನ್ನಡಿಗರೆಲ್ಲ ಸೇರಿ ಸ್ಮರಣ ಸಂಚಿಕೆ ತರಲು ಹೊರಟರು. ಅದರ ಉಸ್ತುವಾರಿ ಮೈಸೂರು ಕಡೆಯ ಎಂಜಿನಿಯರ್ ರಾಯರದು. "ಸೇತುವೆ ಕೆಲ್ಸಕ್ಕೆ ನಿಮ್ಮೂರಿಗೆ ಬಂದಿದ್ದೆ ಸಿಸ್ಟರ್, ಹೊಳೆ ಪಕ್ಕ ಹಳೇ ಹಳಿ ನೋಡಿದ್ದೆ. ಅದ್ರ ಹಿಸ್ಟರಿ ಬರೀರಿ. ನಿಮ್ದು ಹೇಗೂ ರೈಲ್ವೆ ಫ್ಯಾಮಿಲಿ ಅಲ್ವಾ?" ಎಂದರು. ಲೀನಾ ಪಕ್ಕದಲ್ಲೇ ನಿಂತು ತಲೆಯಾಡಿಸುತ್ತಿದ್ದಳು.

ಶುಕ್ರವಾರ ಶುಕ್ರವಾರ ಪಪ್ಪನಿಗೆ ಫೋನ್ ಮಾಡಿ ಕೇಳತೊಡಗಿದೆ. ಅಷ್ಟು ವರ್ಷ "ಊಟ ಆಯ್ತಾ" ಎಂಬುದರ ಆಚೆಗೆ ಮಾತೇ ಇಲ್ಲದವರು ಬಾಯಿ ತುಂಬ ಹೇಳಿದರು. ಮೊದಲು ಟ್ರಾಲಿಗೆ ಎತ್ತು ಕಟ್ಟುತ್ತಿದ್ದದ್ದು, ಏರಿನಲ್ಲಿ ಅವು ಮಂಡಿಯೂರಿದ ಮೇಲೆ ಮನುಷ್ಯರನ್ನು ಹಚ್ಚಿದ್ದು, ಅಚ್ಚಿಗೆ ಮೀನೆಣ್ಣೆ ಹಾಕುತ್ತಿದ್ದದ್ದು, ಕೊನೆಗೆ ಲಾರಿ ಬಂದು ಲೈನು ನಿಂತದ್ದು. ಒಬ್ಬ ತಳ್ಳಿದರೆ ಇನ್ನೊಬ್ಬ ಮರದ ಬೆಣೆ ಹಿಡಿದು ಚಕ್ರದ ಪಕ್ಕದಲ್ಲೇ ನಡೆಯಬೇಕಿತ್ತಂತೆ. ಒಂದು ಮಳೆಗಾಲ ಪಪ್ಪ ಕಾಲು ಜಾರಿ ಹಳಿಯ ಮೇಲೆ ಬಿದ್ದರು. ತುಂಬಿದ ಟ್ರಾಲಿ ಅವರ ಮೇಲೆ ಹಿಂದಕ್ಕೆ ಬರುತ್ತಿದ್ದಾಗ ಜೊತೆಗಾರ ಸಂಜೀವ ಓಡಿ ಚಕ್ರಕ್ಕೆ ಬೆಣೆ ಕೊಟ್ಟ. ಟ್ರಾಲಿ ಮಗುಚಿ ಅವನ ಮೇಲೆಯೇ ಬಿದ್ದು, ಅಲ್ಲಿಯೇ ಅವನ ಪ್ರಾಣ ಹೋಯಿತು.

"ಅವನ ಹೆಸರು ಹಾಕು ಮಗಾ" ಎಂದರು ಪಪ್ಪ. "ಎಲ್ಲಿಯೂ ಬರೆದಿಟ್ಟದ್ದಿಲ್ಲ. ಕಾರ್ಖಾನೆ ಗೋಡೆಯಲ್ಲಿ ಧಣಿಗಳದ್ದು ಮಾತ್ರ ಉಂಟು."

ಹಾಕಲಿಲ್ಲ. ಸಂಜೀವ ಯಾರನ್ನು ಉಳಿಸಿದನೆಂದು ಬರೆದರೆ ಪಪ್ಪ ಎಲ್ಲಿ ನಿಂತಿದ್ದರು ಎಂಬುದೂ ಹೊರಬೀಳುತ್ತಿತ್ತು. ಧಣಿಗಳ ದೂರದೃಷ್ಟಿಯನ್ನು ಹೊಗಳಿದೆ, ಉಳಿದವರನ್ನು "ಕೂಲಿಯಾಳುಗಳು" ಎಂದು ಒಂದೇ ಮಾತಿನಲ್ಲಿ ಮುಗಿಸಿದೆ. ಪಪ್ಪನ ಹೆಸರನ್ನು ಮಾತ್ರ ಪೂರ್ತಿ ಬರೆದು, ಮುಂದೆ "ಲೈನಿನ ಸೂಪರ್‌ವೈಸರ್" ಎಂದು ಸೇರಿಸಿದೆ. ಹಾಗೆ ಬರೆದದ್ದನ್ನು ಇವತ್ತು ನೆನೆದರೆ ನಾಚಿಕೆಯಾಗುತ್ತದೆ.

ಸಂಚಿಕೆ ಬಂತು, ಎಲ್ಲರೂ ಮೆಚ್ಚಿದರು. ಅದನ್ನು ಊರಿಗೆ ಕಳಿಸುವ ಯೋಚನೆಯೇ ನನಗಿರಲಿಲ್ಲ. ರಜೆಯ ಮೇಲೆ ಹೋದ ಲೀನಾ, ನನಗೆ ಖುಷಿಯಾಗಲೆಂದು ಹೇಳದೆ ಕೇಳದೆ ಒಂದು ಪ್ರತಿಯನ್ನು ನಮ್ಮ ಮನೆಗೆ ಮುಟ್ಟಿಸಿದ್ದಳು. ಆ ಶುಕ್ರವಾರ ಪಪ್ಪನೇ ಮಾತು ಎತ್ತಿದರು.

"ಮೊಮ್ಮಗನ ಕೈಯಲ್ಲಿ ಓದಿಸಿ ಕೇಳಿದೆ. ಚೆಂದ ಬರೆದಿದ್ದಿ. ಆದರೆ ಪ್ರೆಸ್ಸಿನವರು ದೊಡ್ಡ ತಪ್ಪು ಮಾಡಿದ್ದಾರೆ. ನನ್ನನ್ನು ಸೂಪರ್‌ವೈಸರ್ ಮಾಡಿಬಿಟ್ಟಿದ್ದಾರೆ! ಸಂಜೀವನ ಹೆಸರೇ ಬಿಟ್ಟಿದ್ದಾರೆ. ಕಮಲಕ್ಕ ಕೇಳಲಿಕ್ಕೆ ಅಂತ ಬಂದು ಕೂತಿದ್ದರು, ಪಾಪ."

ಕಮಲಕ್ಕ ಎಂದರೆ ಸಂಜೀವನ ಹೆಂಡತಿ. "ಅವರಿಗೆ ಎಂತ ಹೇಳಿದ್ರಿ ಪಪ್ಪ?"

"ಎಂತ ಹೇಳುದು? ಪ್ರೆಸ್ಸಿನವರ ತಪ್ಪು, ನನ್ನ ಮಗಳು ಸರಿ ಮಾಡಿಸ್ತಾಳೆ ಅಂದೆ. ನೀನು ಅವರಿಗೆ ಹೇಳು. ಬೈಬೇಡ, ಆಯ್ತಾ?"

"ಆಯ್ತು, ಹೇಳ್ತೇನೆ" ಎಂದೆ. ಅವರಿಗೆ ನಿಜ ಗೊತ್ತಾಗಿತ್ತೋ ಇಲ್ಲವೋ ನನಗೆ ಇವತ್ತಿಗೂ ತಿಳಿಯದು. ಕೇಳುವ ಧೈರ್ಯ ಬರಲಿಲ್ಲ.

ಆಮೇಲಿನ ರಜೆಯಲ್ಲಿ ಊರಿಗೆ ಹೋದಾಗ ಧಕ್ಕೆಯ ದಾರಿ ಬಿಟ್ಟು ಬಳಸಿಕೊಂಡೇ ಓಡಾಡಿದೆ. ಆದರೂ ಪೇಟೆಯಲ್ಲಿ ಕಮಲಕ್ಕ ಎದುರಾದರು. ಕೈ ಹಿಡಿದು, "ಪ್ರೆಸ್ಸಿನವರು ಸರಿ ಮಾಡಿದ್ರಾ ಮಗಾ?" ಎಂದು ಕೇಳಿದರು. "ಇನ್ನೂ ಇಲ್ಲ ಅಕ್ಕಾ" ಎಂದೆ. ರಜೆ ಇನ್ನೂ ಉಳಿದಿದ್ದರೂ ಕುವೈತಿಗೆ ಮರಳಿದರೆ ಸಾಕೆನಿಸಿತು. ಕುವೈತಿಗೆ ಬಂದರೆ ರೈಲ್ವೆಯವರ ಮಗಳು, ಊರಿಗೆ ಹೋದರೆ ಪ್ರೆಸ್ಸಿನವರನ್ನು ಕಾಯುತ್ತಿರುವವಳು. ಎರಡು ಊರಿನಲ್ಲಿಯೂ ತಲೆ ಎತ್ತಿ ನಡೆಯುವ ಒಂದು ಬೀದಿ ನನಗಿಲ್ಲ.

ಲೀನಾ ಇದನ್ನು ಓದುತ್ತಾಳೆ, ರಾಯರೂ ಓದುತ್ತಾರೆ. ಓದಲಿ. ನನ್ನ ಪಪ್ಪ ಪಾಸ್ಕಲ್ ಟ್ರಾಲಿ ತಳ್ಳುತ್ತಿದ್ದರು. ಬೆಣೆ ಹಿಡಿದು ಅವರ ಜೊತೆ ನಡೆಯುತ್ತಿದ್ದವನ ಹೆಸರು ಸಂಜೀವ. ಕಮಲಕ್ಕಾ, ಪ್ರೆಸ್ಸಿನವರು ಯಾವ ತಪ್ಪನ್ನೂ ಮಾಡಿರಲಿಲ್ಲ.